ಕೋಲಾರ ಸೀಮೆಯ ಊರೊಂದರ ಆರೋಗ್ಯ ಚರಿತ್ರೆಯನ್ನು ಹುಡುಕುವ ಬಗೆ

ಮಾಲೂರು, ಮುಳಬಾಗಿಲು, ಚಿಂತಾಮಣಿ, ಶಿಡ್ಲಘಟ್ಟದಂಥ ಊರೊಂದರಲ್ಲಿ ಬ್ರಿಟಿಷರ ಕಾಲದ ನೈರ್ಮಲ್ಯ ಹೇಗಿತ್ತೆಂದು ಬರೆಯಹೊರಟವರು, ಆಯಾ ವರ್ಷದಲ್ಲಿ ಆ ಊರನ್ನು ಆಳುತ್ತಿದ್ದವರು ಯಾರು, ಚರಂಡಿಗೂ ದಾಕು (ಸಿಡುಬಿನ ಲಸಿಕೆ) ಹಾಕುವವರಿಗೂ ಹಣ ಕೊಡುತ್ತಿದ್ದವರು ಯಾರು ಎಂಬುದನ್ನು ಮೊದಲು ನಿಶ್ಚಯಿಸಿಕೊಳ್ಳಬೇಕು. 1831ರಿಂದ 1881ರವರೆಗೆ ಮೈಸೂರು ಸೀಮೆ ಬ್ರಿಟಿಷ್ ಅಧಿಕಾರಿಗಳ ಕೈಯಲ್ಲಿತ್ತು. ಆಮೇಲೆ ಮಹಾರಾಜರ ಸರ್ಕಾರ, ದಿವಾನರು, ಅವರ ಮೇಲೊಂದು ಕಣ್ಣಿಟ್ಟ ರೆಸಿಡೆಂಟರು, ಅಂದರೆ ಬ್ರಿಟಿಷ್ ಸರ್ಕಾರದ ಪ್ರತಿನಿಧಿಗಳು. ಕೋಲಾರದ ಚಿನ್ನದ ಗಣಿ ಪ್ರದೇಶದ (ಕೆಜಿಎಫ್) ಲೆಕ್ಕವೇ ಬೇರೆ, ಏಕೆಂದರೆ ಅಲ್ಲಿ ಜಾನ್ ಟೇಲರ್ ಅಂಡ್ ಸನ್ಸ್ ನಡೆಸುತ್ತಿದ್ದ ಗಣಿ ಕಂಪನಿಗಳೂ ನೈರ್ಮಲ್ಯ ನೋಡಿಕೊಳ್ಳುವ ಸ್ಯಾನಿಟರಿ ಬೋರ್ಡೂ ಇದ್ದವು. ಇದನ್ನು ಬೇರ್ಪಡಿಸದೆ ಎಲ್ಲವನ್ನೂ ‘ಬ್ರಿಟಿಷರು ಮಾಡಿದರು’ ಎಂದು ಬರೆದರೆ ಹೊಗಳಿಕೆಯೂ ದೂರೂ ಎರಡೂ ತಪ್ಪು ವಿಳಾಸಕ್ಕೆ ಹೋಗುತ್ತವೆ.

ಆಕರಗಳ ವಿಷಯದಲ್ಲಿ ಸುಲಭದಿಂದ ಕಷ್ಟಕ್ಕೆ ಹೋಗುವುದು ಒಳ್ಳೆಯದು. ಬಿ. ಎಲ್. ರೈಸ್ ಅವರ ಮೈಸೂರು ಗೆಜೆಟಿಯರ್‌ನ 1897ರ ಪರಿಷ್ಕೃತ ಆವೃತ್ತಿಯನ್ನು ಮೊದಲು ಓದಿ, ಆನಂತರ ಬೆಂಗಳೂರಿನ ರಾಜ್ಯ ಪತ್ರಾಗಾರಕ್ಕೆ ಹೋಗಿ ವೈದ್ಯಕೀಯ ಮತ್ತು ಮುನಿಸಿಪಲ್ ಕಡತಗಳನ್ನು ಕೇಳಬಹುದು. 1881ರಲ್ಲಿ ಆರಂಭವಾದ ಪ್ರಜಾಪ್ರತಿನಿಧಿ ಸಭೆಯ ನಡವಳಿಗಳನ್ನು ಬಿಡಬಾರದು. ತಾಲ್ಲೂಕುಗಳಿಂದ ಬಂದವರ ಅಹವಾಲು ಅಧಿಕಾರಿಯ ವರದಿಗಿಂತ ಹೆಚ್ಚು ಹೇಳುವುದುಂಟು. ಹುಡುಕುವಾಗ ಹಳೆಯ ಹೆಸರುಗಳನ್ನು ಬಳಸಿ: ಬಂಗಾರಪೇಟೆಯನ್ನು ಬೌರಿಂಗ್‌ಪೇಟೆ ಎಂದೇ ಕೇಳಬೇಕು, ಚಿಕ್ಕಬಳ್ಳಾಪುರ ಜಿಲ್ಲೆಯ ಊರುಗಳನ್ನು ಕೋಲಾರ ಜಿಲ್ಲೆಯಡಿ ಅರಸಬೇಕು, ಏಕೆಂದರೆ ಆ ಜಿಲ್ಲೆ ಬೇರೆಯಾದದ್ದು 2007ರಲ್ಲಿ.

ಸಂಖ್ಯೆಗಳನ್ನು ಕಂಡಾಗ ಕೈ ತಡೆಯಿರಿ. 1871ರ ಜನಗಣತಿಯಲ್ಲಿ 50 ಲಕ್ಷ ದಾಟಿದ್ದ ಮೈಸೂರಿನ ಜನಸಂಖ್ಯೆ 1881ರಲ್ಲಿ 42 ಲಕ್ಷಕ್ಕೂ ಕೆಳಗಿಳಿದಿತ್ತು. ನಡುವೆ 1876-78ರ ಮಹಾಕ್ಷಾಮವೂ ಅದರ ಬೆನ್ನಿಗೆ ಬಂದ ಕಾಲರಾ, ಜ್ವರಗಳೂ ಇದ್ದವು. ಈ ಕುಸಿತವನ್ನು ನಂಬಬಹುದು, ಆದರೆ ಕಾರಣವಾರು ಸಾವಿನ ಪಟ್ಟಿಯನ್ನು ಹಾಗೆ ನಂಬುವಂತಿಲ್ಲ. ಹಳ್ಳಿಯ ಸಾವನ್ನು ವರದಿ ಮಾಡುತ್ತಿದ್ದವರು ಪಟೇಲರು, ಶಾನುಭೋಗರು. ಅವರು ವೈದ್ಯರಲ್ಲ, ಆದ್ದರಿಂದ ‘ಜ್ವರ’ ಎಂಬ ಕಲಮಿನೊಳಗೆ ಮಲೇರಿಯಾದಿಂದ ಕ್ಷಯದವರೆಗೆ ಎಲ್ಲವೂ ಸೇರಿಹೋಗುತ್ತಿತ್ತು.

ಪ್ಲೇಗಿನ ಅಧ್ಯಾಯಕ್ಕೆ ಹೆಚ್ಚು ಸಮಯ ಕೊಡಿ, ಏಕೆಂದರೆ ಸರ್ಕಾರ ಮನೆಯ ಒಳಗೆ ಕಾಲಿಟ್ಟದ್ದು ಆಗ. 1896ರಲ್ಲಿ ಮುಂಬಯಿಯಲ್ಲಿ ಕಾಣಿಸಿಕೊಂಡ ಪ್ಲೇಗ್ 1898ರ ಆಗಸ್ಟ್‌ನಲ್ಲಿ ಬೆಂಗಳೂರಿಗೆ, ಹುಬ್ಬಳ್ಳಿ ಕಡೆಯಿಂದ ರೈಲಿನಲ್ಲಿ ಬಂತೆಂಬುದು ಅಂದಿನ ಅಭಿಪ್ರಾಯ. ಗಣಿ ಪ್ರದೇಶವೂ ಅದರಿಂದ ತಪ್ಪಿಸಿಕೊಳ್ಳಲಿಲ್ಲ. ಇಲಿಯಿಂದ ಮನುಷ್ಯನಿಗೆ ರೋಗವನ್ನು ದಾಟಿಸುವುದು ಚಿಗಟವೆಂದು ಫ್ರೆಂಚ್ ವೈದ್ಯ ಪಾಲ್ ಲೂಯಿ ಸಿಮೊಂಡ್ ಹೇಳಿದ್ದೂ 1898ರಲ್ಲೇ, ಆದರೆ ಆ ಮಾತಿಗೆ ಮನ್ನಣೆ ಸಿಗಲು ಇನ್ನೂ ಹಲವು ವರ್ಷ ಹಿಡಿಯಿತು. ಹಾಗಾಗಿ ಆ ಕಾಲದ ಕಡತಗಳಲ್ಲಿ ಹೆಂಚು ಇಳಿಸಿ ಮನೆಗೆ ಬಿಸಿಲು ಬಿಡಿಸುವುದು, ರಾಸಾಯನಿಕ ಸುರಿಯುವುದು, ಪ್ರಯಾಣಿಕರನ್ನು ತಡೆದು ಪರೀಕ್ಷಿಸುವುದು, ರೋಗಿಯ ಮನೆಯವರನ್ನು ಶಿಬಿರಕ್ಕೆ ಸಾಗಿಸುವುದು ಇಂಥವೇ ತುಂಬಿರುತ್ತವೆ. ಶಿಬಿರದ ಭಯಕ್ಕೆ ಜನ ರೋಗವನ್ನು ಬಚ್ಚಿಡುತ್ತಿದ್ದರೆಂಬುದನ್ನು ಮರೆತು ಪ್ಲೇಗ್ ಸಾವಿನ ಲೆಕ್ಕವನ್ನು ಓದಬಾರದು. ಇಲಿ ಸತ್ತು ಬಿದ್ದ ಕೂಡಲೇ ಊರು ಬಿಟ್ಟು ಹೊಲದಲ್ಲಿ ಗುಡಿಸಲು ಹಾಕಿಕೊಳ್ಳುತ್ತಿದ್ದ ರೈತರ ನಡೆ, ನನ್ನ ಎಣಿಕೆಯಲ್ಲಿ, ಅಧಿಕಾರಿಗಳ ಎಷ್ಟೋ ಕ್ರಮಗಳಿಗಿಂತ ವಿವೇಕದ್ದಾಗಿತ್ತು. ಆ ಗುಡಿಸಲುಗಳು ಯಾವ ದಿಕ್ಕಿನಲ್ಲಿದ್ದವು, ಪ್ಲೇಗಮ್ಮನ ಗುಡಿ ಎಲ್ಲಿದೆ ಎಂದು ಹಿರಿಯರನ್ನು ಕೇಳಿ, ಉತ್ತರವನ್ನು ಗ್ರಾಮ ನಕಾಶೆಯ ಮೇಲೆ ಗುರುತಿಸಿಕೊಳ್ಳಿ.

ಕಾಗದ ಮುಗಿದ ಮೇಲೆ ಬೀದಿ ಓದಬೇಕು. ಇದಕ್ಕೆ ಕೆಜಿಎಫ್‌ಗಿಂತ ಒಳ್ಳೆಯ ಜಾಗ ಈ ಸೀಮೆಯಲ್ಲಿಲ್ಲ. ಪಾಲಾರ್ ನದಿಯ ಬೇತಮಂಗಲದ ಕೆರೆಯಿಂದ ಅಲ್ಲಿಗೆ ನೀರು ಬಂತು; ರೆಸಿಡೆಂಟ್ ಡೊನಾಲ್ಡ್ ರಾಬರ್ಟ್‌ಸನ್ ಹೆಸರಿನ ರಾಬರ್ಟ್‌ಸನ್‌ಪೇಟೆ ನೇರ ಬೀದಿಗಳೊಡನೆ ಎದ್ದಿತು; ಕಾರ್ಮಿಕರು ಮಾತ್ರ ಬಿದಿರು ತಟ್ಟಿಯ ಸಾಲುಮನೆಗಳಲ್ಲಿದ್ದರು. ಬಂಗಲೆಗೆ ಎಷ್ಟು ದೂರದಲ್ಲಿ ಆ ಸಾಲುಗಳಿದ್ದವು, ನೀರಿನ ಕೊಳಾಯಿ ಎಲ್ಲಿಗೆ ನಿಂತಿತು ಎಂದು ನಡೆದು ನೋಡಿದರೆ ಯಾರ ಆರೋಗ್ಯಕ್ಕೆ ಎಷ್ಟು ಬೆಲೆ ಎಂಬುದು ತಿಳಿಯುತ್ತದೆ.

ಮನೆಗಳ ಹಿಂದಿನ ಇಕ್ಕಟ್ಟಾದ ಕನ್ಸರ್ವೆನ್ಸಿ ಓಣಿಗಳು ಕಕ್ಕಸಿನ ಮಲವನ್ನು ಕೈಯಿಂದ ಹೊರಲೆಂದೇ ಬಿಟ್ಟವು. ಆ ಕೆಲಸ ದಲಿತ ಕುಟುಂಬಗಳ ಮೇಲೆ ಬಿತ್ತು. ವರದಿಗಳಲ್ಲಿ ಅವರು ಸಂಬಳದ ಬಾಬ್ತಿನ ಒಂದು ಸಾಲಾಗಿ ಬರುತ್ತಾರೆ, ಹೆಸರಿಲ್ಲದೆ. ಆ ಒಣ ಕಕ್ಕಸುಗಳು ಸ್ವಾತಂತ್ರ್ಯದ ನಂತರವೂ ಎಷ್ಟು ಕಾಲ ಉಳಿದವೆಂದರೆ, ಇದೇ ಕೆಜಿಎಫ್‌ನಲ್ಲಿ ಅಂಥ ಕುಟುಂಬವೊಂದರಲ್ಲಿ ಹುಟ್ಟಿದ ಬೆಜವಾಡ ವಿಲ್ಸನ್ 1990ರ ದಶಕದಲ್ಲಿ ಅವುಗಳ ವಿರುದ್ಧ ಚಳವಳಿ ಕಟ್ಟಬೇಕಾಯಿತು. ನಿಮ್ಮ ಊರಿನ ಪುರಸಭೆಯಲ್ಲಿ ಹಳೆಯ ನಡವಳಿ ಪುಸ್ತಕಗಳು ಉಳಿದಿದ್ದರೆ ಈ ಸಂಬಳದ ಪಟ್ಟಿಗಳನ್ನು ಮೊದಲು ನಕಲು ಮಾಡಿಕೊಳ್ಳಿ, ಬಳಿಕ ಆ ಕುಟುಂಬಗಳ ಕೇರಿಗೆ ಹೋಗಿ ಎಲ್ಲಿಂದ, ಯಾರ ಕಾಲದಲ್ಲಿ ಬಂದರೆಂದು ವಿಚಾರಿಸಿ, ಒಪ್ಪಿಗೆ ಪಡೆದೇ ಬರೆದುಕೊಳ್ಳಿ.