ಗಂಟೆಗೆ ಮೂವತ್ತು ಚಮಚ: ಓಆರ್‌ಎಸ್ ಕುಡಿಸಿದ ನನ್ನ ಅನುಭವ

ಹೋದ ಬೇಸಿಗೆಯ ಒಂದು ಸಂಜೆ ನಮ್ಮ ತಾಲ್ಲೂಕು ಆಸ್ಪತ್ರೆಗೆ ಹತ್ತು ತಿಂಗಳ ಮಗುವನ್ನು ಎತ್ತಿಕೊಂಡು ತಾಯಿ, ಅಜ್ಜಿ ಇಬ್ಬರೂ ಬಂದರು. ಎರಡು ದಿನದಿಂದ ಭೇದಿ. ಕಣ್ಣು ಗುಳಿ ಬಿದ್ದಿತ್ತು. ಹೊಟ್ಟೆಯ ಚರ್ಮ ಚಿವುಟಿ ಬಿಟ್ಟರೆ ಮಡಿಕೆ ನಿಧಾನಕ್ಕೆ ಇಳಿಯುತ್ತಿತ್ತು. ಆದರೆ ಲೋಟ ಕಂಡ ಕೂಡಲೇ ಮಗು ಬಾಯಿ ತೆರೆದು ಅದರ ಕಡೆಗೇ ಬಾಗುತ್ತಿತ್ತು. ಅದನ್ನು ನೋಡಿ ನನಗೆ ಧೈರ್ಯ ಬಂತು. ಮಂಕಾಗಿ ಮಲಗಿದ್ದು ಕುಡಿಯಲಾರದ ಮಗುವಿಗೆ ತಡಮಾಡದೆ ಡ್ರಿಪ್ ಬೇಕು. ಇದು ಅಂಥ ಮಗು ಅಲ್ಲ. ಡಾಕ್ಟರೂ ನೋಡಿ ಬಾಯಿಂದಲೇ ಕೊಡೋಣ ಎಂದರು.

"ಒಂದು ಗ್ಲೂಕೋಸ್ ಬಾಟಲಿ ಹಾಕ್ಬಿಡಿ ಸಿಸ್ಟರ್," ಅಂದರು ಅಜ್ಜಿ. "ನಿನ್ನೆಯಿಂದ ಓಆರ್‌ಎಸ್ ಕೊಡ್ತಾನೇ ಇದೀವಿ, ಭೇದಿ ಇನ್ನೂ ಜಾಸ್ತಿ ಆಯ್ತು."

ಹೇಗೆ ಕಲಸಿದ್ರಿ ಅಮ್ಮ ಎಂದು ತಾಯಿಯನ್ನು ಕೇಳಿದೆ. ಅರ್ಧ ಪ್ಯಾಕೆಟ್ ಪುಡಿ ಒಂದು ಲೋಟ ನೀರಿಗೆ. ಗಟ್ಟಿಯಾಗಿದ್ದರೆ ಬೇಗ ಶಕ್ತಿ ಬರುತ್ತೆ ಅಂತ. ಈ ಮಾತನ್ನು ಇಷ್ಟು ವರ್ಷದಲ್ಲಿ ಎಷ್ಟು ತಾಯಂದಿರ ಬಾಯಲ್ಲಿ ಕೇಳಿದ್ದೇನೋ ಲೆಕ್ಕವಿಲ್ಲ, ಅದಕ್ಕೇ ಇದನ್ನು ಬರೆಯುತ್ತಿದ್ದೇನೆ.

ನಮ್ಮ ಕರುಳಿನ ಒಳಗೋಡೆಯ ಜೀವಕೋಶಗಳಿಗೆ ಕೊಬ್ಬಿನ ತೆಳು ಪೊರೆ ಇದೆ. ಓಆರ್‌ಎಸ್ ಪುಡಿಯಲ್ಲಿರುವ ಉಪ್ಪಾಗಲಿ ಗ್ಲೂಕೋಸ್ ಆಗಲಿ ಅದನ್ನು ತಾವಾಗಿ ದಾಟಲಾರವು. ದಾಟಿಸುವುದಕ್ಕೆ ಪೊರೆಯಲ್ಲೇ ಪ್ರೋಟೀನ್‌ಗಳು ಕೂತಿವೆ. ಓಆರ್‌ಎಸ್ ಪೂರಾ ನೆಚ್ಚಿಕೊಂಡಿರುವುದು ಎಸ್‌ಜಿಎಲ್‌ಟಿ-1 ಎಂಬ ಪ್ರೋಟೀನನ್ನು. ತಾಯಂದಿರಿಗೆ ನಾನು ಹರಿಗೋಲು ಅಂತ ಹೇಳುತ್ತೇನೆ. ಅದರಲ್ಲಿ ಮೂರೇ ಜಾಗ, ಎರಡು ಉಪ್ಪಿನಲ್ಲಿರುವ ಸೋಡಿಯಂಗೆ, ಒಂದು ಗ್ಲೂಕೋಸ್‌ಗೆ. ಸೋಡಿಯಂ ಬಂದು ಕೂತ ಮೇಲೇ ಗ್ಲೂಕೋಸ್ ಸರಿಯಾಗಿ ಹಿಡಿದುಕೊಳ್ಳುತ್ತೆ, ಆಮೇಲೆ ಪ್ರೋಟೀನ್ ಮಗ್ಗುಲು ಬದಲಿಸಿ ಒಳಗಡೆಗೆ ತೆರೆದುಕೊಳ್ಳುತ್ತೆ. ಬರೀ ಉಪ್ಪು ನೀರು ಕುಡಿಸಿದರೆ, ಬರೀ ಸಕ್ಕರೆ ನೀರು ಕುಡಿಸಿದರೆ ಈ ಕೆಲಸ ನಡೆಯಲ್ಲ. ಇವು ಒಳಗೆ ಹೋದರೆ ನೀರು ಅವುಗಳ ಹಿಂದೆಯೇ ಹೋಗುತ್ತೆ. ನಮಗೆ ಬೇಕಾದ್ದು ಆ ನೀರು ಅಲ್ವಾ?

ಸೋಡಿಯಂ ಒಳಗೇ ಯಾಕೆ ನುಗ್ಗಬೇಕು? ಜೀವಕೋಶದ ರಕ್ತದ ಕಡೆಯ ಗೋಡೆಯಲ್ಲಿ ಇನ್ನೊಂದು ಪ್ರೋಟೀನ್ ಇದೆ. ಅದು ಜೀವಕೋಶದ ಇಂಧನವಾದ ಎಟಿಪಿಯ ಒಂದು ಕಣ ಖರ್ಚು ಮಾಡಿ 3 ಸೋಡಿಯಂ ಹೊರಗೆ ಹಾಕುತ್ತೆ, 2 ಪೊಟ್ಯಾಶಿಯಂ ಒಳಗೆ ತರುತ್ತೆ. ಹೀಗೆ ಒಳಗೆ ಸೋಡಿಯಂ ಯಾವಾಗಲೂ ಕಡಿಮೆ ಇರುವುದರಿಂದ ಕರುಳಿನ ಕಡೆಯ ಸೋಡಿಯಂಗೆ ಅದು ಇಳಿಜಾರು ಇದ್ದಂತೆ, ಗ್ಲೂಕೋಸನ್ನೂ ಜೊತೆಗೆ ಎಳೆದುಕೊಂಡೇ ಇಳಿಯುತ್ತೆ. ಇವೆರಡೂ ಜೋಡಿಯಾಗಿ ಹೋಗುತ್ತವೆ ಎಂದು 1960ರಲ್ಲಿ ಪ್ರಾಗ್‌ನಲ್ಲಿ ಮೊದಲು ಹೇಳಿದವರು ವಿಜ್ಞಾನಿ ರಾಬರ್ಟ್ ಕ್ರೇನ್. ಕಾಲರಾ ಬಂದಾಗಲೂ ಈ ಹರಿಗೋಲು ಕೆಡುವುದಿಲ್ಲ ಅನ್ನುವುದು ನನಗೆ ಇವತ್ತಿಗೂ ದೊಡ್ಡ ವಿಷಯ. ಕಾಲರಾ ವಿಷ ಕ್ಲೋರೈಡ್ ಹೊರಬಿಡುವ ಬೇರೊಂದು ಪ್ರೋಟೀನನ್ನು ತೆರೆದೇ ಇಡುತ್ತೆ, ನೀರು ಹರಿದು ಹೋಗುತ್ತೆ, ಆದರೆ ಎಸ್‌ಜಿಎಲ್‌ಟಿ-1 ತನ್ನ ಪಾಡಿಗೆ ಸಾಗಿಸುತ್ತಲೇ ಇರುತ್ತೆ. 1971ರಲ್ಲಿ ಬಂಗಾಳದ ಬನಗಾಂವ್‌ನ ನಿರಾಶ್ರಿತರ ನಡುವೆ ಡಾ. ದಿಲೀಪ್ ಮಹಾಲನಬೀಸ್ ಡ್ರಿಪ್ ಸಾಲದೆ ಬಂದಾಗ ಇದನ್ನೇ ನಂಬಿ ಡ್ರಮ್‌ಗಳಲ್ಲಿ ಕಲಸಿಟ್ಟು, ಮನೆಯವರ ಕೈಯಿಂದಲೇ ಕುಡಿಸಿ ಎಷ್ಟೋ ಜೀವ ಉಳಿಸಿದರು.

ಇನ್ನು ಆ ಗಟ್ಟಿ ಲೋಟದ ವಿಷಯ. 2002ರಿಂದ ಇರುವ ಈಗಿನ ಓಆರ್‌ಎಸ್‌ನಲ್ಲಿ ಲೀಟರಿಗೆ 13.5 ಗ್ರಾಂ ಗ್ಲೂಕೋಸ್, 2.6 ಗ್ರಾಂ ಉಪ್ಪು. ಅದರಲ್ಲಿ ಕರಗಿರುವ ಎಲ್ಲ ಕಣಗಳ ಒಟ್ಟು ಸಾಂದ್ರತೆ ಲೀಟರಿಗೆ 245 ಮಿಲಿಆಸ್ಮೋಲ್, ರಕ್ತದ್ದು ಸುಮಾರು 290. ತೆಳ್ಳಗಿರುವುದರಿಂದಲೇ ನೀರು ಕರುಳಿನಿಂದ ರಕ್ತದ ಕಡೆ ಹೋಗುತ್ತೆ. ಒಂದು ಲೀಟರಿಗೆಂದು ಇರುವ ಪ್ಯಾಕೆಟ್ಟಿನ ಅರ್ಧವನ್ನು ಒಂದು ಲೋಟಕ್ಕೆ, ಅಂದರೆ 200 ಎಂಎಲ್‌ಗೆ ಕಲಸಿದರೆ ಅದು 600 ದಾಟುತ್ತೆ. ಆಗ ನೀರು ಉಲ್ಟಾ, ಮಗುವಿನ ಮೈಯಿಂದ ಕರುಳಿಗೆ ಬರುತ್ತೆ, ರಕ್ತದಲ್ಲಿ ಸೋಡಿಯಂ ಏರುವ ಅಪಾಯ ಬೇರೆ. ಸಿಹಿ ಜ್ಯೂಸ್, ಸೋಡಾ ಪಾನೀಯ ಕೊಟ್ಟರೂ ಹೀಗೇ. ಹಣ್ಣಿನ ಫ್ರಕ್ಟೋಸ್ ದಾಟುವುದು ಬೇರೆ ಪ್ರೋಟೀನಿನಲ್ಲಿ, ಅದು ಸೋಡಿಯಂ ಕರೆದೊಯ್ಯುವುದೇ ಇಲ್ಲ.

ಅಳತೆಗೆ ಒಂದು ಲೀಟರಿನ ಖಾಲಿ ನೀರಿನ ಬಾಟಲಿ ತಂದು, ಕಾಯಿಸಿ ಆರಿಸಿದ ನೀರು ತುಂಬಿ, ಪಾತ್ರೆಗೆ ಸುರಿದು, ಇಡೀ ಪ್ಯಾಕೆಟ್ ಕಲಸಿದೆ. ಮಗು 8 ಕಿಲೋ. ಕಿಲೋಗೆ 75 ಎಂಎಲ್ ಅಂದರೆ 600 ಎಂಎಲ್, ನಾಲ್ಕು ಗಂಟೆಯಲ್ಲಿ. 5 ಎಂಎಲ್ ಚಮಚದಲ್ಲಿ 120 ಚಮಚ, ಎರಡು ನಿಮಿಷಕ್ಕೊಂದು. ಅಜ್ಜಿ ಚೀಲದಿಂದ ಹಳೇ ಬೆಳ್ಳಿ ಒಳಲೆ ತೆಗೆದರು, ಮಗು ಅದರಲ್ಲೇ ಚೆನ್ನಾಗಿ ಕುಡಿಯುತ್ತೆ ಅಂತ. ಕುದಿಯುವ ನೀರಲ್ಲಿ ತೊಳೆದು, ಸಿರಿಂಜಿನಿಂದ ಅಳೆದೆ. ತುಂಬಿದರೆ 10 ಎಂಎಲ್. ಅರ್ಧ ಒಳಲೆ ನಮ್ಮ ಲೆಕ್ಕ ಆಯ್ತು.

ಮುಕ್ಕಾಲು ಗಂಟೆಗೆ ಮಗು ವಾಂತಿ ಮಾಡಿತು. ತಾಯಿ ಕೈಚೆಲ್ಲಿ ಕೂತರು. ಹತ್ತು ನಿಮಿಷ ಸುಮ್ನೆ ಬಿಟ್ಟು, ಮೂರು ನಿಮಿಷಕ್ಕೊಂದರಂತೆ ಮತ್ತೆ ಶುರು ಮಾಡಿಸಿದೆ. ನಡುನಡುವೆ ಎದೆಹಾಲು. ಭೇದಿ ಇನ್ನೂ ಎರಡು ಸಲ ಆಯ್ತು. ಅದು ಆಗುತ್ತೆ, ಓಆರ್‌ಎಸ್ ಭೇದಿ ನಿಲ್ಲಿಸುವ ಔಷಧಿ ಅಲ್ಲ, ಹೋದ ನೀರನ್ನು ತುಂಬುವಂಥದ್ದು ಎಂದು ಇಬ್ಬರಿಗೂ ಬಿಡಿಸಿ ಹೇಳಿದೆ. ರಾತ್ರಿ ಹತ್ತರ ಹೊತ್ತಿಗೆ ಅಜ್ಜಿಯ ಸೀರೆ ಒದ್ದೆಯಾಯಿತು, ಮಗು ಉಚ್ಚೆ ಹೊಯ್ದಿತ್ತು. ಹೊಟ್ಟೆ ಚಿವುಟಿ ನೋಡಿದೆ, ಮಡಿಕೆ ತಕ್ಷಣ ಇಳಿಯಿತು.

ಬೆಳಿಗ್ಗೆ ದಿನಕ್ಕೆ 20 ಮಿಲಿಗ್ರಾಂನಂತೆ 14 ದಿನದ ಜಿಂಕ್ ಮಾತ್ರೆ ಕೊಟ್ಟು ಕಳಿಸುವಾಗ ಅಜ್ಜಿ, ಅಕ್ಕಿ ಗಂಜಿ ಕೊಡಬಹುದಾ ಎಂದು ಕೇಳಿದರು. ಚಿಟಿಕೆ ಉಪ್ಪು ಹಾಕಿ ಧಾರಾಳವಾಗಿ ಕೊಡಿ ಅಜ್ಜಿ ಎಂದೆ. ಗಂಜಿಯ ಪಿಷ್ಟ ಕರುಳಿನಲ್ಲಿ ಸ್ವಲ್ಪ ಸ್ವಲ್ಪವೇ ಗ್ಲೂಕೋಸ್ ಆಗಿ ಒಡೆದು ಅದೇ ಹರಿಗೋಲು ಹತ್ತುತ್ತೆ. ತಾಯಿ ಒಂದು ಲೀಟರಿನ ಆ ಬಾಟಲಿಯನ್ನು ಕೇಳಿ ಇಸ್ಕೊಂಡು ಹೋದರು.