ಟೈಗರ್ ಚಿಟ್ಟೆಗಳಿಗಾಗಿ ಚೇಳುಕೊಂಡಿ ಗಿಡ

ನೀರಿಳಿದ ಕೆರೆಯಂಗಳ, ಗದ್ದೆಯ ಬದು, ಚರಂಡಿಯ ಅಂಚು: ಚೇಳುಕೊಂಡಿ ಗಿಡ ಸಿಗುವುದು ಇಂಥ ಕಡೆ. ಸಾಮಾನ್ಯವಾಗಿ ಮೊಣಕಾಲೆತ್ತರದ, ಒಂದೇ ವರ್ಷ ಬಾಳುವ ಕಳೆ. ಎಲೆ ಸುಕ್ಕುಸುಕ್ಕು, ಕಾಂಡದ ತುಂಬ ರೋಮ. ಹೂಗೊಂಚಲಿನ ತುದಿ ಚೇಳಿನ ಬಾಲದಂತೆ ಸುರುಳಿ. ಬಿಳಿ ಅಥವಾ ತಿಳಿನೇರಳೆ ಹೂಗಳು ಒಂದೇ ಮಗ್ಗುಲಲ್ಲಿ ಎರಡು ಸಾಲಾಗಿ ಅರಳುತ್ತವೆ.

ತುದಿಯಲ್ಲಿ ಹೂವಿರುವಾಗಲೇ ಗೊಂಚಲಿನ ಬುಡದ ಕಾಯಿ ಬಲಿತಿರುತ್ತದೆ. ಬೀಜಕ್ಕೆ ಕಂದು ತಿರುಗಿದ, ಸವರಿದರೆ ಉದುರುವಂಥ ಕಾಯಿಗಳನ್ನೇ ಆರಿಸಿ. ಹತ್ತು ಇಂಚಿನ ಕುಂಡಕ್ಕೆ ಎರಡು ಪಾಲು ಕೆಂಪುಮಣ್ಣು, ಒಂದು ಪಾಲು ಮರಳು, ಒಂದು ಪಾಲು ಕಳಿತ ಗೊಬ್ಬರ. ಬೀಜ ಉದುರಿಸಿ, ಅಂಗೈಯಿಂದ ಒತ್ತಿ, ಮೇಲೆ ತೆಳ್ಳಗೆ ಮರಳು ಎರಚಿ. ಆಳಕ್ಕೆ ಹೂತರೆ ಅಷ್ಟು ಸಣ್ಣ ಬೀಜದ ಮೊಳಕೆ ಮೇಲೇಳದು. ನಾಲ್ಕೆಲೆ ಬಂದಾಗ ಎರಡೇ ಸಸಿ ಉಳಿಸಿ. ಬಿಸಿಲು ಬೇಕು, ಮಣ್ಣು ಪೂರ್ತಿ ಒಣಗಬಾರದು. ಆಮೇಲೆ ಉಪಚಾರ ಬೇಡ, ಇದು ಕಳೆಯೇ ತಾನೆ!

ಹಸಿರು ಗಿಡ ನೋಡಿ ಚಿಟ್ಟೆ ಬರಲಿಲ್ಲವೆಂದು ಕಿತ್ತೆಸೆಯುವವರೇ ಹೆಚ್ಚು. ನಿಜವಾಗಿ ಸೆಳೆಯುವುದು ಬಾಡಿದ, ಒಣಗಿದ ಗಿಡ. ಬ್ಲೂ ಟೈಗರ್, ಕಾಮನ್ ಕ್ರೋ ಮುಂತಾದ ಚಿಟ್ಟೆಗಳ ಗಂಡುಗಳು ಒಣಗಿದ ಕಾಂಡದ ಮೇಲೆ ದ್ರವ ಬಿಟ್ಟು, ಅದರಲ್ಲಿ ಕರಗಿದ ಪೈರೋಲಿಜಿಡಿನ್ ಆಲ್ಕಲಾಯ್ಡ್ ಎಂಬ ಗಿಡದ ವಿಷವಸ್ತುವನ್ನು ಹೀರುತ್ತವೆ. ಹೆಣ್ಣನ್ನು ಒಲಿಸುವ ಪರಿಮಳಕ್ಕೂ ಹಕ್ಕಿಗಳಿಗೆ ರುಚಿಸದಿರುವುದಕ್ಕೂ ಅದು ಬೇಕು.

ಆದ್ದರಿಂದ ಹೂವಿರುವ ನಾಲ್ಕೈದು ಗಿಡಗಳನ್ನು ಬೇರುಸಮೇತ ಕಿತ್ತು, ಮಣ್ಣು ಕೊಡವಿ, ನೆರಳಲ್ಲಿ ಎರಡು ಮೂರು ದಿನ ಹರಡಿ. ರಾಶಿ ಹಾಕಿದರೆ ಬೂಷ್ಟು ಹಿಡಿಯುತ್ತದೆ. ಆಮೇಲೆ ಸಡಿಲವಾಗಿ ಕಟ್ಟಿ, ಗಾಳಿ ಹೊಡೆಯದ, ಬೆಳಗಿನ ಬಿಸಿಲು ಬೀಳುವ ಕಡೆ ಸೊಂಟದೆತ್ತರಕ್ಕೆ ತೂಗುಹಾಕಿ. ಮಳೆಯಲ್ಲಿ ತೊಯ್ದರೆ ಸತ್ವ ತೊಳೆದುಹೋಗುತ್ತದೆ. ಹೊಸ ಕಟ್ಟು ಕಟ್ಟಿ. ಮುಂಗಾರಿನ ಮುಂಚೆ ಘಟ್ಟದಿಂದ ಮೂಡಣ ಬಯಲಿಗೆ, ಅಕ್ಟೋಬರ್ ಹೊತ್ತಿಗೆ ಮರಳಿ ಘಟ್ಟಕ್ಕೆ ಈ ಚಿಟ್ಟೆಗಳು ವಲಸೆ ಹೋಗುವಾಗ ಕಟ್ಟಿದರೆ ಫಲ ಹೆಚ್ಚು.

ಇದು ಮರಿಹುಳುಗಳ ಮೇವಲ್ಲ. ಪ್ಲೇನ್ ಟೈಗರ್‌ಗೆ ಎಕ್ಕ, ಕಾಮನ್ ಕ್ರೋಗೆ ಕಣಗಿಲೆ ಹತ್ತಿರವಿದ್ದರೆ ಮೊಟ್ಟೆಯನ್ನೂ ಇಟ್ಟಾವು.

ಅದೇ ಆಲ್ಕಲಾಯ್ಡು ಮನುಷ್ಯರ, ದನಗಳ ಪಿತ್ತಜನಕಾಂಗವನ್ನು ಹಾಳುಮಾಡುತ್ತದೆ. ನಾಟಿಮದ್ದೆಂದು ಕಷಾಯ ಕುಡಿಯಬೇಡಿ, ಕಿತ್ತ ಗಿಡವನ್ನು ಮೇವಿನ ಜೊತೆ ಬೆರೆಸಬೇಡಿ.