ಬರ್ಲಿನ್‌ಗೆ ಹೊಸದಾಗಿ ಬಂದಿದೀರಾ? ಗೋಡೆ ಕಥೆ ಸ್ವಲ್ಪ ತಿಳ್ಕೊಂಡಿರಿ

ಅನ್ಮೆಲ್ಡುಂಗ್ (ಮನೆ ವಿಳಾಸ ರಿಜಿಸ್ಟರ್ ಮಾಡ್ಸೋದು), ಬ್ಯಾಂಕ್ ಅಕೌಂಟು, ಮನೆ ಹುಡುಕಾಟ ಎಲ್ಲ ಒಂದು ದಡ ಸೇರಿದ್ಮೇಲೆ ನಮ್ಮೋರು ಮೊದ್ಲು ಓಡೋದು ಚೆಕ್‌ಪಾಯಿಂಟ್ ಚಾರ್ಲಿಗೆ, ಊರು ಪೂರ್ವ-ಪಶ್ಚಿಮ ಅಂತ ಎರಡಾಗಿದ್ದಾಗ ಗೋಡೆ ದಾಟೋ ಗೇಟ್ ಇದ್ದ ಜಾಗ. ಅಲ್ಲಿರೋ ಗಾರ್ಡ್ ರೂಮು ಆಮೇಲೆ ಕಟ್ಟಿದ ನಕಲಿ, ಒಂದು ಸೆಲ್ಫಿ ಸಾಕು. ಅಲ್ಲೇ ಪಕ್ಕ ಝಿಮ್ಮರ್‌ಷ್ಟ್ರಾಸೆಯಲ್ಲಿ ಪೀಟರ್ ಫೆಷ್ಟರ್ ಅನ್ನೋ ಹುಡುಗನ ಸ್ಮಾರಕ ಕಂಬ ಇದೆ, ಅದನ್ನ ನೋಡಿ. 1962ರ ಆಗಸ್ಟ್ 17ಕ್ಕೆ ಗೋಡೆ ದಾಟೋಕೆ ಹೋದಾಗ ಪೂರ್ವ ಜರ್ಮನಿಯ ಗಾರ್ಡ್‌ಗಳು ಗುಂಡು ಹೊಡೆದ್ರು, 18 ವರ್ಷ ಅವನಿಗೆ, ಸುಮಾರು ಒಂದು ಗಂಟೆ ರಕ್ತ ಸೋರ್ತಾ ಕೂಗ್ಕೊಂಡು ಬಿದ್ದಿದ್ದ, ಎರಡೂ ಕಡೆಯೋರು ನೋಡ್ತಿದ್ರು, ಎತ್ತೋಕೆ ಯಾರೂ ಹೋಗ್ಲಿಲ್ಲ.

ತುಂಬಾ ಜನಕ್ಕೆ ಒಂದು ಕನ್ಫ್ಯೂಷನ್ ಇದೆ, ಗೋಡೆ ಊರಿನ ಮಧ್ಯದಲ್ಲಿ ಒಂದು ನೇರ ಗೆರೆ ಅಂತ. ಅಲ್ಲ, ಪಶ್ಚಿಮ ಬರ್ಲಿನ್ ಸುತ್ತ ಪೂರ್ತಿ 155 ಕಿಮೀ. ಕಟ್ಟಿದ್ದು ಪೂರ್ವ ಜರ್ಮನಿಯ ಸರ್ಕಾರ, ಅವರದೇ ಡಾಕ್ಟ್ರು, ಇಂಜಿನಿಯರ್‌ಗಳು, ಕೆಲಸಗಾರರು ಲಕ್ಷಗಟ್ಟಲೆ ಬಿಟ್ಟು ಹೋಗ್ತಿದ್ರಲ್ಲ, ಅವರನ್ನ ತಡೆಯೋಕೆ. 1961ರ ಆಗಸ್ಟ್ 13, ಭಾನುವಾರ, ಜನ ಏಳೋಷ್ಟರಲ್ಲಿ ಮುಳ್ಳುತಂತಿ ಬಂದಿತ್ತು.

ನಾನು ಹೇಳೋದು ಬೆರ್ನಾವರ್ ಷ್ಟ್ರಾಸೆಗೆ ಹೋಗಿ ಅಂತ. ಅಲ್ಲಿ ಬಿಲ್ಡಿಂಗ್ ಪೂರ್ವದ್ದು, ಬಾಗಿಲ ಮುಂದಿನ ಫುಟ್‌ಪಾತ್ ಪಶ್ಚಿಮದ್ದು! ಬಾಗಿಲಿಗೆ ಇಟ್ಟಿಗೆ ಇಟ್ಟು ಮುಚ್ಚಿದ್ಮೇಲೆ ಜನ ಕಿಟಕಿಯಿಂದ ಹಾರೋಕೆ ಶುರು ಮಾಡಿದ್ರು. ಈಡಾ ಝೀಕ್‌ಮನ್ ಅನ್ನೋ ಹೆಂಗಸು ಹಾಸಿಗೆ ಕೆಳಗೆ ಎಸೆದು ಅದರ ಹಿಂದೆನೇ ಹಾರಿದ್ರು, ಉಳೀಲಿಲ್ಲ, ಮಾರನೇ ದಿನ ಅವರ 59ನೇ ಹುಟ್ಟುಹಬ್ಬ ಇತ್ತು. ಗೋಡೆಯಿಂದ ಸತ್ತೋರು ಕಮ್ಮಿ ಅಂದ್ರೂ 140.

ನೀವು ದಿನಾ ಹತ್ತೋ ಯು8 ಮೆಟ್ರೋ ಇದೆಯಲ್ಲ, ಆಗ ಅದು ಪಶ್ಚಿಮದ ಟ್ರೈನು, ಪೂರ್ವದ ಅಡಿಯಲ್ಲಿ ಹೋಗುವಾಗ ಅಲೆಕ್ಸಾಂಡರ್‌ಪ್ಲಾಟ್ಸ್ ಸೇರಿ ಆರು ಸ್ಟೇಷನ್‌ಗಳಲ್ಲಿ ನಿಲ್ತಿರ್ಲಿಲ್ಲ, ಮಂದ ಬೆಳಕಲ್ಲಿ ಗಾರ್ಡ್‌ಗಳು ಮಾತ್ರ. ನಾರ್ಡ್‌ಬಾನ್‌ಹೋಫ್ ಸ್ಟೇಷನ್ ಒಳಗೇ ಇದರ ಎಕ್ಸಿಬಿಷನ್ ಇದೆ.

ನಮ್ಮಂಥ ವಲಸೆಯೋರ ಮಕ್ಕಳೂ ಸತ್ತಿದಾರೆ, ಇದನ್ನ ಜಾಸ್ತಿ ಯಾರೂ ಹೇಳಲ್ಲ. ಆಗ ಕ್ರಾಯ್ಟ್ಸ್‌ಬೆರ್ಗ್ ಏರಿಯಾ ಕಡೆ ದಡ ಪಶ್ಚಿಮದ್ದು, ಸ್ಪ್ರೀ ನದಿ ನೀರು ಪೂರ್ತಿ ಪೂರ್ವದ್ದು. ಆಡ್ತಾ ನೀರಿಗೆ ಬಿದ್ದ ಮಕ್ಕಳನ್ನ ಎತ್ತೋಕೆ ಪಶ್ಚಿಮದ ಫೈರ್ ಬ್ರಿಗೇಡ್‌ನೋರು ಇಳಿಯೋ ಹಾಗಿರ್ಲಿಲ್ಲ. ಐದು ಮಕ್ಕಳು ಹೀಗೇ ಹೋದ್ರು, ಕೊನೆಯೋನು ಟರ್ಕಿ ಕುಟುಂಬದ ಹುಡುಗ, 1975ರಲ್ಲಿ, ಅವತ್ತೇ ಅವನಿಗೆ ಐದು ತುಂಬಿತ್ತು. ಆಮೇಲೆ ಎರಡೂ ಕಡೆ ಕೂತು ನೀರಿಗೆ ಬಿದ್ದೋರನ್ನ ಎತ್ತೋ ಬಗ್ಗೆ ಒಪ್ಪಂದ ಮಾಡ್ಕೊಂಡ್ರು.

ಆಫೀಸಲ್ಲಿ ವಯಸ್ಸಾದ ಕಲೀಗ್‌ನ "ನೀವು ಈಸ್ಟಾ ವೆಸ್ಟಾ" ಅಂತ ತಮಾಷೆಗೆ ಕೇಳ್ಬೇಡಿ. ಅವರಾಗೇ ಶುರು ಮಾಡಿದ್ರೆ ಸುಮ್ನೆ ಕೇಳಿಸ್ಕೊಳ್ಳಿ. ಫ್ರೀಡ್ರಿಷ್‌ಷ್ಟ್ರಾಸೆಯ ಟ್ರೇನನ್‌ಪಲಾಸ್ಟ್ (ಹಿಂದೆ ಗಡಿ ದಾಟೋ ಹಾಲ್, ಈಗ ಮ್ಯೂಸಿಯಂ) ಎಂಟ್ರಿ ಫ್ರೀ, ಸೋಮವಾರ ಮಾತ್ರ ಹೋಗ್ಬೇಡಿ, ಮುಚ್ಚಿರುತ್ತೆ.